ವಾರ್ಡಿನಲ್ಲಿ ವೈಟ್‌ನರ್ ಇಡಬೇಡಿ

ಕ್ಲಿನಿಕಲ್ ಟ್ರಯಲ್‌ಗಳ, ಅಂದರೆ ಔಷಧಿ, ಚಿಕಿತ್ಸೆಗಳನ್ನು ಜನರ ಮೇಲೆ ಪರೀಕ್ಷಿಸುವ ಅಧ್ಯಯನಗಳ ದಾಖಲೆ ಪರಿಶೀಲಿಸುವುದು ನನ್ನ ಕೆಲಸ. ವಾರ್ಡಿಗೆ ಹೋದ ಕೂಡಲೇ ನಾನು ಕೇಳುವುದು ಬಿಪಿ ಚಾರ್ಟ್. ಬೆಳಗ್ಗೆ 6, 10, ಮಧ್ಯಾಹ್ನ 2. ಮೂರು ಹೊತ್ತಿಗೂ ಒಂದೇ ಪೆನ್ನು, ಒಂದೇ ಕೈಬರಹ, 120/80, 130/80, 120/80. ಒಂದು ಚಿತ್ತಿಲ್ಲ, ಕಾಟಿಲ್ಲ. ನನಗೆ ಅನುಮಾನ ಬರುವುದೇ ಆಗ. ಡಿಜಿಟಲ್ ಮೆಷಿನ್ನಿನಲ್ಲಿ ಅಳೆದಿದ್ದರೆ ಎಲ್ಲಾದರೂ ಒಂದು 127/83 ಇರಬೇಕಿತ್ತು ಅಲ್ವಾ? ಹೆಚ್ಚಿನ ಸಲ ಇದರ ಹಿಂದೆ ಮೋಸ ಇರುವುದಿಲ್ಲ. ಕೈ ತುಂಬ ಕೆಲಸ, ಬರೆಯಲು ಪುರುಸೊತ್ತಿಲ್ಲ, ಡ್ಯೂಟಿ ಮುಗಿಯುವಾಗ ಕೂತು ಒಟ್ಟಿಗೆ ತುಂಬುತ್ತಾರೆ.

ನಮ್ಮ ಕ್ಷೇತ್ರದಲ್ಲಿ ಇದಕ್ಕೆ 'ಅಲ್ಕೋವಾ' ಅಂತ ಒಂದು ಸೂತ್ರವಿದೆ. ಯಾರು ಬರೆದರು ಅಂತ ಗೊತ್ತಾಗಬೇಕು, ಓದಲು ಬರಬೇಕು, ಅಳೆದ ಹೊತ್ತಿನಲ್ಲೇ ಬರೆದಿರಬೇಕು, ಮೂಲ ಪ್ರತಿ ಉಳಿದಿರಬೇಕು, ಸರಿಯಾಗಿರಬೇಕು. ಎಲ್ಲರೂ ಕೊನೆಯದಕ್ಕೇ ತಲೆ ಕೆಡಿಸಿಕೊಳ್ಳುತ್ತಾರೆ. ನನ್ನ ಪ್ರಕಾರ ಮೂಲ ಉಳಿಯುವುದೇ ದೊಡ್ಡದು. ಮೂಲ ಇದ್ದರೆ ತಪ್ಪನ್ನು ಯಾವಾಗ ಬೇಕಾದರೂ ಹಿಡಿಯಬಹುದು.

ಹಾಗಾಗಿ ತಪ್ಪು ಬರೆದರೆ ಅದರ ಮೇಲೆ ಒಂದೇ ಗೆರೆ ಎಳೆಯಿರಿ. ಹಳೆಯ ಅಂಕಿ ಕಾಣಬೇಕು. ಪಕ್ಕದಲ್ಲಿ ಸರಿಯಾದದ್ದು, ಸಹಿ, ತಾರೀಖು, ಕಾರಣ. ವೈಟ್‌ನರ್ ಮಾತ್ರ ಬೇಡವೇ ಬೇಡ. ಕಂಪ್ಯೂಟರಿನಲ್ಲಿ ಇದೇ ಕೆಲಸವನ್ನು ಆಡಿಟ್ ಟ್ರೇಲ್ ಮಾಡುತ್ತದೆ: ಯಾರು, ಯಾವಾಗ, ಏನಿದ್ದದ್ದನ್ನು ಏನು ಮಾಡಿದರು ಅಂತ ತಾನೇ ಬರೆದಿಡುತ್ತದೆ. ಆದರೆ ಇಡೀ ವಾರ್ಡಿಗೆ ಒಂದೇ ಲಾಗಿನ್, ಪಾಸ್‌ವರ್ಡ್ ಮಾನಿಟರಿಗೆ ಅಂಟಿಸಿದ ಚೀಟಿಯಲ್ಲಿ! ಆಮೇಲೆ ಆಡಿಟ್ ಟ್ರೇಲ್ ಇದ್ದೂ ಸುಮ್ನೆ.

ಲ್ಯಾಬುಗಳ ಕಥೆ ಬೇರೆ. ಅಲ್ಲಿ ಮೂಲವನ್ನು ಎಕ್ಸೆಲ್ಲೇ ಅಳಿಸಿಬಿಡುತ್ತದೆ. 'ಸೆಪ್ಟ್2', 'ಮಾರ್ಚ್1' ಅಂತ ಹೆಸರಿನ ಜೀನ್‌ಗಳು (ವಂಶವಾಹಿಗಳು) ಇದ್ದವು. ಸಾಮಾನ್ಯ ಕಾಲಮ್ಮಿನಲ್ಲಿ ಟೈಪ್ ಮಾಡಿದರೆ ಎಕ್ಸೆಲ್ ಅವನ್ನು ತಾರೀಖು ಅಂದುಕೊಳ್ಳುತ್ತಿತ್ತು. ಒಮ್ಮೆ ತಾರೀಖಾದರೆ ಸೆಲ್ಲಿನೊಳಗೆ ಹಳೆಯ ಹೆಸರು ಇರುವುದೇ ಇಲ್ಲ, ಒಂದು ಅಂಕಿ ಮಾತ್ರ ಇರುತ್ತದೆ. 2016ರಲ್ಲಿ ಸಂಶೋಧಕರು ಪರಿಶೀಲಿಸಿದಾಗ, ಎಕ್ಸೆಲ್‌ನಲ್ಲಿ ಜೀನ್ ಪಟ್ಟಿ ಲಗತ್ತಿಸಿದ್ದ ಪ್ರಬಂಧಗಳ ಪೈಕಿ ಸುಮಾರು ಐದರಲ್ಲಿ ಒಂದರಲ್ಲಿ ಇಂಥ ತಪ್ಪು ಸಿಕ್ಕಿತು. ಕೊನೆಗೆ 2020ರಲ್ಲಿ ಜೀನ್‌ಗಳಿಗೆ ಹೆಸರಿಡುವ ಸಮಿತಿಯೇ ಸೋತು, ಅವುಗಳ ಹೆಸರು ಬದಲಿಸಿದ್ದನ್ನು ಪ್ರಕಟಿಸಿತು. ಸಾಫ್ಟ್‌ವೇರಿಗಾಗಿ ಜೀನ್‌ಗೆ ಮರುನಾಮಕರಣ!

ಅದೇ ವರ್ಷ ಇಂಗ್ಲೆಂಡಿನಲ್ಲಿ 15,841 ಕೋವಿಡ್ ಪಾಸಿಟಿವ್ ಪ್ರಕರಣಗಳು ಸರ್ಕಾರಿ ಲೆಕ್ಕದಿಂದ ಕೆಲವು ದಿನ ಬಿಟ್ಟುಹೋದವು. ಹಳೆಯ ಎಕ್ಸೆಲ್ ಫೈಲಿನಲ್ಲಿ 65,536 ಸಾಲು ಮಾತ್ರ ಹಿಡಿಸುತ್ತದೆ. ಅದಕ್ಕಿಂತ ಜಾಸ್ತಿ ಬಂದದ್ದು ಸದ್ದಿಲ್ಲದೆ ಕತ್ತರಿಸಿಹೋಗಿತ್ತು. ಆ ಸೋಂಕಿತರ ಸಂಪರ್ಕಕ್ಕೆ ಬಂದವರನ್ನು ಹುಡುಕುವುದೂ ತಡವಾಯಿತು. ಹಾಗಾಗಿ ಲ್ಯಾಬ್ ಮೆಷಿನ್ನಿನಿಂದ ಬಂದ ಫೈಲನ್ನು ರೀಡ್-ಓನ್ಲಿ (ಓದಬಹುದು, ತಿದ್ದಲಾಗದು) ಮಾಡಿಡಿ, ನಕಲಿನ ಮೇಲೆ ಕೆಲಸ ಮಾಡಿ, ಎಷ್ಟು ಸಾಲು ಹೋಯಿತು, ಎಷ್ಟು ಬಂತು ಅಂತ ಎಣಿಸಿ. ಎರಡು ನಿಮಿಷದ ಕೆಲಸ.

ನಮ್ಮ ಕಡೆಯ ಆಸ್ಪತ್ರೆಗಳಲ್ಲಿ ದೊಡ್ಡ ತಲೆನೋವು ಹೆಸರು. ಲಕ್ಷ್ಮಮ್ಮ ಅನ್ನುವುದನ್ನು ಇಂಗ್ಲಿಷಿನಲ್ಲಿ ಒಬ್ಬ ಕ್ಲರ್ಕ್ 'ಕೆಎಸ್‌ಎಚ್' ಹಾಕಿ ಬರೆದರೆ ಇನ್ನೊಬ್ಬರು 'ಎಕ್ಸ್' ಹಾಕುತ್ತಾರೆ. ಇನಿಷಿಯಲ್ ಒಮ್ಮೆ ಹಿಂದೆ, ಒಮ್ಮೆ ಮುಂದೆ. ಹುಟ್ಟಿದ ದಿನ ಗೊತ್ತಿಲ್ಲದ ಹಿರಿಯರಿಗೆಲ್ಲ ಜನವರಿ 1. ಒಬ್ಬರೇ ಅಜ್ಜಿಗೆ ಎರಡು ಫೈಲ್, ಪೆನಿಸಿಲಿನ್ ಅಲರ್ಜಿ ಒಂದರಲ್ಲಿ, ಆಪರೇಷನ್ ವಿವರ ಇನ್ನೊಂದರಲ್ಲಿ. ಹುಡುಕುವಾಗ ಹೆಸರೊಂದನ್ನೇ ನಂಬಬೇಡಿ. ಫೋನ್ ನಂಬರ್, ಊರು, ಇದ್ದರೆ 14 ಅಂಕಿಯ ಆಭಾ (ಸರ್ಕಾರದ ಆಯುಷ್ಮಾನ್ ಭಾರತ್ ಆರೋಗ್ಯ ಖಾತೆ) ಸಂಖ್ಯೆ ಕೇಳಿ. ಎರಡೂ ಒಬ್ಬರದೇ ಅಂತ ಖಚಿತವಾದರೂ ಒಂದನ್ನು ಡಿಲೀಟ್ ಮಾಡಬೇಡಿ. ಜೋಡಿಸಿ, ಯಾರು ಯಾವಾಗ ಜೋಡಿಸಿದರು ಅಂತ ಬರೆದಿಡಿ. ಒಂದೇ ಊರಿನಲ್ಲಿ, ಒಂದೇ ವಯಸ್ಸಿನ, ಜನವರಿ 1ಕ್ಕೇ ಹುಟ್ಟಿದ ಇಬ್ಬರು ಲಕ್ಷ್ಮಮ್ಮಂದಿರು ಇರುವುದೂ ಉಂಟು. ಆಗ ಜೋಡಿಸಿದ್ದನ್ನು ಮತ್ತೆ ಬಿಡಿಸಬೇಕಾಗುತ್ತದೆ.