ದೊಡ್ಡ ನಟಿ, ಚಿಕ್ಕ ಪಾತ್ರ: ಫೈನಾ ರಾನೆವ್‌ಸ್ಕಯಾಗೆ ಹೀಗೇಕಾಯಿತು?

1942ರ ಅಕ್ಟೋಬರ್. ಸ್ಟಾಲಿನ್‌ಗ್ರಾಡ್‌ನ ಬೀದಿಬೀದಿಯಲ್ಲೂ ಯುದ್ಧ ನಡೆಯುತ್ತಿತ್ತು. ಅಂಥ ಹೊತ್ತಲ್ಲೂ ಸೋವಿಯತ್ ಸಿನಿಮಾ ಸಮಿತಿಯ ಮುಖ್ಯಸ್ಥ ಇವಾನ್ ಬೊಲ್ಶಕೋವ್ ಅವರಿಗೆ ಒಬ್ಬ ನಟಿಯ ಮುಖದ ಚಿಂತೆ ಹತ್ತಿತ್ತು. ನಿರ್ದೇಶಕ ಸೆರ್ಗೈ ಐಸೆನ್‌ಸ್ಟೈನ್ ತಮ್ಮ 'ಇವಾನ್ ದಿ ಟೆರಿಬಲ್' ಚಿತ್ರದಲ್ಲಿ ರಾಜನ ಚಿಕ್ಕಮ್ಮ ಯೆಫ್ರೋಸಿನ್ಯಾ ಪಾತ್ರಕ್ಕೆ ಫೈನಾ ರಾನೆವ್‌ಸ್ಕಯಾ ಅವರೇ ಬೇಕು ಅಂದಿದ್ದರು. ಬೊಲ್ಶಕೋವ್ ಪಕ್ಷದ ಕೇಂದ್ರ ಸಮಿತಿಯ ಕಾರ್ಯದರ್ಶಿ ಶೆರ್ಬಕೋವ್‌ಗೆ ಪತ್ರ ಬರೆದರು. ಈಕೆಯ ಮುಖದಲ್ಲಿ ಯಹೂದಿ ಲಕ್ಷಣ ಎದ್ದು ಕಾಣುತ್ತದೆ, ಕ್ಲೋಸಪ್‌ನಲ್ಲಂತೂ ಇನ್ನೂ ಜಾಸ್ತಿ, ಹಾಗಾಗಿ ಈ ಪಾತ್ರ ಕೊಡಬಾರದು ಅನ್ನುವುದು ಪತ್ರದ ತಿರುಳು. ಪಾತ್ರ ಸೆರಫಿಮಾ ಬಿರ್ಮನ್ ಪಾಲಾಯಿತು.

ರಷ್ಯಾದಲ್ಲಿ ಇವತ್ತಿಗೂ ಮನೆಮಾತಾಗಿರುವ ನಟಿ ರಾನೆವ್‌ಸ್ಕಯಾ. ಆದರೆ ಅವರ ಸಿನಿಮಾಗಳ ಪಟ್ಟಿ ತೆಗೆದು ನೋಡಿ. ಮಲತಾಯಿ, ಮನೆ ಕೆಲಸದಾಕೆ, ಟೈಲರ್ ಹೆಂಡತಿ, ಪಿಯಾನೊ ಬಾರಿಸುವವಳು. ಹೆಚ್ಚಿನವು ಬಂದು ಹೋಗುವ ಪಾತ್ರಗಳೇ. ಯಾಕೆ ಹೀಗೆ ಅಂತ ಕೇಳಿದರೆ ಎಲ್ಲರೂ ಆ ಪತ್ರದ ಕಡೆಗೆ ಬೆರಳು ತೋರಿಸುತ್ತಾರೆ. ಪತ್ರ ನಿಜ. ಆದರೆ ಕತೆ ಅಷ್ಟೇ ಅಲ್ಲ, ಅದು ಪತ್ರಕ್ಕಿಂತ ತುಂಬಾ ಹಿಂದೆಯೇ ಶುರುವಾಗಿತ್ತು.

ಅಜೋವ್ ಸಮುದ್ರದ ದಡದಲ್ಲಿ ಟಗನ್‌ರೋಗ್ ಅಂತ ಒಂದು ಬಂದರು ಪಟ್ಟಣ. ಚೆಕಾಫ್ ಹುಟ್ಟಿದ ಊರು. 1896ರ ಆಗಸ್ಟ್‌ನಲ್ಲಿ ಅಲ್ಲೇ ಒಂದು ಸಿರಿವಂತ ಯಹೂದಿ ಮನೆಯಲ್ಲಿ ಫೈನಾ ಫೆಲ್ಡ್‌ಮನ್ ಹುಟ್ಟಿದರು. ಅಪ್ಪನಿಗೆ ಬಣ್ಣದ ಕಾರ್ಖಾನೆ, ಮನೆಗಳು, ಜತೆಗೆ ಒಂದು ಹಡಗು ಕೂಡ ಇತ್ತು. ಹುಡುಗಿಗೆ ಮಾತಾಡುವಾಗ ಉಗ್ಗು. ಅಂಥವಳು ನಾಟಕ ಸೇರುತ್ತೇನೆ ಅಂದಾಗ ಅಪ್ಪ ಒಪ್ಪಲಿಲ್ಲ. 1915ರಲ್ಲಿ ಆಕೆ ಮಾಸ್ಕೋಗೆ ಹೋದರು. ದೊಡ್ಡ ನಾಟಕ ಶಾಲೆಗಳು ಸೇರಿಸಿಕೊಳ್ಳಲಿಲ್ಲ. ಕೊನೆಗೆ ಹೆಸರಾಂತ ಬ್ಯಾಲೆ ನರ್ತಕಿ ಯೆಕಟೆರಿನಾ ಗೆಲ್ಟ್ಸರ್ ಕೈಹಿಡಿದು, ಮಾಸ್ಕೋ ಹತ್ತಿರದ ಮಲಖೋವ್ಕಾ ಎಂಬಲ್ಲಿ ಬೇಸಿಗೆ ನಾಟಕ ಕಂಪನಿಯಲ್ಲಿ ಕೆಲಸ ಕೊಡಿಸಿದರು. ಸಿಕ್ಕಿದ್ದು ಸಣ್ಣಪುಟ್ಟ ಪಾತ್ರಗಳು.

ರಾನೆವ್‌ಸ್ಕಯಾ ಅನ್ನುವ ಹೆಸರು ಬಂದದ್ದು ಚೆಕಾಫ್‌ನ 'ಚೆರ್ರಿ ತೋಟ' ನಾಟಕದಿಂದ. ಕೈಯಲ್ಲಿದ್ದ ದುಡ್ಡನ್ನೆಲ್ಲ ಕಳೆದುಕೊಳ್ಳುವ ಜಮೀನುದಾರಿಣಿ ಅಲ್ಲಿನ ನಾಯಕಿ. ಅಮ್ಮ ಗುಟ್ಟಾಗಿ ಕಳಿಸಿದ ನೋಟುಗಳು ಗಾಳಿಗೆ ಹಾರಿಹೋದವಂತೆ. 'ಹಾರಿ ಹೋಗುವಾಗ ಎಷ್ಟು ಬೇಜಾರಾಗುತ್ತೆ' ಅಂತ ಈಕೆ ಹೇಳಿದ್ದು ಕೇಳಿ ಜತೆಗಿದ್ದವರೊಬ್ಬರು 'ಇವಳು ರಾನೆವ್‌ಸ್ಕಯಾನೇ' ಅಂದರಂತೆ. ಆಕೆಯೇ ಹೇಳುತ್ತಿದ್ದ ಕತೆ ಇದು. ಸ್ವಲ್ಪ ಮಸಾಲೆ ಸೇರಿರಬಹುದು.

1917ರ ಕ್ರಾಂತಿಯಾದ ಮೇಲೆ ಮನೆಯವರು ದೇಶ ಬಿಟ್ಟರು. ಮಗಳು ಮಾತ್ರ ಹೋಗಲಿಲ್ಲ. ರೊಸ್ತೋವ್‌ನಲ್ಲಿ ಪಾವ್ಲಾ ವುಲ್ಫ್ ಎಂಬ ಹಿರಿಯ ನಟಿ ಸಿಕ್ಕಿದ್ದರು. ಗುರು, ಗೆಳತಿ, ಮನೆ ಎಲ್ಲವೂ ಅವರೇ ಆದರು. ಅಂತರ್ಯುದ್ಧದ ವರ್ಷಗಳನ್ನು ಇಬ್ಬರೂ ಕ್ರಿಮಿಯಾದಲ್ಲಿ ಕಳೆದರು. ಅಲ್ಲಿ ಆಗ ಭೀಕರ ಹಸಿವು. ಕವಿ ಮ್ಯಾಕ್ಸಿಮಿಲಿಯನ್ ವೊಲೋಶಿನ್ ಬುತ್ತಿ ಹೊತ್ತು ತಂದು ಇವರನ್ನು ಬದುಕಿಸಿಕೊಂಡರು ಅಂತ ರಾನೆವ್‌ಸ್ಕಯಾ ಆಮೇಲೆ ನೆನೆಯುತ್ತಿದ್ದರು. ಅದಾದ ಮೇಲೆ ಬಾಕು, ಅರ್ಖಾಂಗೆಲ್ಸ್ಕ್, ಸ್ಮೊಲೆನ್ಸ್ಕ್ ಅಂತ ಊರೂರು ಅಲೆದಾಟ. 1931ರಲ್ಲಿ ಮಾಸ್ಕೋದ ಕಾಮೆರ್ನಿ ಥಿಯೇಟರ್‌ಗೆ ಬಂದಾಗ ವಯಸ್ಸು 35.

ಇಲ್ಲಿಂದ ನಿಜವಾದ ತೊಡಕು ಶುರು. ಸೋವಿಯತ್ ರಂಗಭೂಮಿಯ ಕೆಲಸದ ಕ್ರಮ ಗೊತ್ತಿದ್ದರೆ ಇದು ಅರ್ಥವಾಗುತ್ತದೆ. ನಟರು ಥಿಯೇಟರ್‌ನ ಸಂಬಳದ ನೌಕರರು. ಯಾವ ನಾಟಕ, ಯಾರಿಗೆ ಯಾವ ಪಾತ್ರ ಅನ್ನುವುದೆಲ್ಲ ಮುಖ್ಯ ನಿರ್ದೇಶಕರ ಕೈಯಲ್ಲಿ. ಅವರ ಕಣ್ಣಿಗೆ ಬೀಳದಿದ್ದರೆ ತಿಂಗಳ ಸಂಬಳ ಬರುತ್ತದೆ, ಪಾತ್ರ ಬರುವುದಿಲ್ಲ. ಕಾಮೆರ್ನಿಯ ಒಡೆಯ ಅಲೆಕ್ಸಾಂಡರ್ ತೈರೋವ್ ರಾನೆವ್‌ಸ್ಕಯಾರನ್ನು ಪ್ರೀತಿಯಿಂದಲೇ ಕಂಡರು. ಆದರೆ ಅಲ್ಲಿನ ನಾಯಕಿ ಅವರ ಹೆಂಡತಿ ಅಲೀಸಾ ಕೂನೆನ್. ಅದು ಬದಲಾಗುವ ಮಾತೇ ಇರಲಿಲ್ಲ.

ಸಿನಿಮಾದಲ್ಲೂ ಇದೇ ಕತೆ. ಮೂವತ್ತರ ದಶಕದ ಸೋವಿಯತ್ ಚಿತ್ರಗಳಿಗೆ ಬೇಕಿದ್ದದ್ದು ಎಳೆಯ ಪ್ರಾಯದ, ಹಾಡುತ್ತಾ ಕುಣಿಯುತ್ತಾ ದುಡಿಯುವ ನಾಯಕಿ. ಗ್ರಿಗೊರಿ ಅಲೆಕ್ಸಾಂಡ್ರೋವ್ ಚಿತ್ರಗಳಲ್ಲಿ ಅವರ ಹೆಂಡತಿ ಲ್ಯುಬೋವ್ ಒರ್ಲೋವಾ. ಇವಾನ್ ಪೈರ್ಯೆವ್ ಚಿತ್ರಗಳಲ್ಲಿ ಅವರ ಹೆಂಡತಿ ಮರೀನಾ ಲದಿನಿನಾ. ರಾನೆವ್‌ಸ್ಕಯಾರನ್ನು ಎಲ್ಲರಿಗಿಂತ ಚೆನ್ನಾಗಿ ಅರ್ಥ ಮಾಡಿಕೊಂಡಿದ್ದವರು ನಿರ್ದೇಶಕ ಮಿಖಾಯಿಲ್ ರೊಮ್. ಅವರ ಮನೆಯಲ್ಲೂ ಒಬ್ಬ ನಾಯಕಿ ಇದ್ದರು, ಯೆಲೆನಾ ಕುಜ್ಮಿನಾ. ರಾನೆವ್‌ಸ್ಕಯಾರದೋ ಎತ್ತರದ ನಿಲುವು, ದಪ್ಪ ಮೂಗು, ಗಂಡಸಿನಂಥ ದನಿ, ನಲವತ್ತು ಸಮೀಪಿಸಿದ ವಯಸ್ಸು. ಇಂಥ ಮದುವೆಯಾಗದ ನಟಿಗೆ ಈ ಸಾಲಿನಲ್ಲಿ ಜಾಗ ಎಲ್ಲಿ?

ಜಾಗ ಇಲ್ಲದ ಕಡೆಯೂ ಆಕೆ ನುಗ್ಗಿದರು ಅನ್ನಿ. ಮೊದಲ ಚಿತ್ರ 1934ರ 'ಪಿಶ್ಕಾ', ಮೊಪಾಸಾನ ಕತೆ, ನಿರ್ದೇಶನ ರೊಮ್. ಅದು ಮೂಕಿ ಚಿತ್ರ. ಆದರೂ ರಾನೆವ್‌ಸ್ಕಯಾ ತಮ್ಮ ಪಾತ್ರದ ಮಾತುಗಳನ್ನು ಮೂಲ ಫ್ರೆಂಚ್‌ನಲ್ಲೇ ಬಾಯಿಪಾಠ ಮಾಡಿ ಕ್ಯಾಮೆರಾ ಮುಂದೆ ನಿಂತರು. ಯಾರಿಗೂ ಕೇಳಿಸದ ಮಾತಿಗೆ ಇಷ್ಟು ತಯಾರಿ!

ಅವರ ಅಭಿನಯ ಎಂಥದ್ದು ಅಂತ ನೋಡಬೇಕಾದರೆ 1942ರ 'ಅಲೆಕ್ಸಾಂಡರ್ ಪಾರ್ಖೊಮೆಂಕೊ' ಚಿತ್ರದ ಒಂದು ತುಣುಕು ಸಾಕು. ಅಂತರ್ಯುದ್ಧದ ಕಾಲದ ಒಂದು ಕೆಫೆ. ಮೂಲೆಯಲ್ಲಿ ಪಿಯಾನೊ ಬಾರಿಸುವ ನಡುವಯಸ್ಸಿನ ಹೆಂಗಸು. ಚಿತ್ರಕತೆಯಲ್ಲಿ ಈ ಪಾತ್ರ ಇದ್ದದ್ದು ಹೆಸರಿಗೆ ಮಾತ್ರ, ಉಳಿದದ್ದೆಲ್ಲ ರಾನೆವ್‌ಸ್ಕಯಾ ಕಟ್ಟಿಕೊಂಡದ್ದು. ಪಿಯಾನೊ ಬಾರಿಸುತ್ತಾಳೆ, ಬಾಯಲ್ಲಿ ಏನೋ ಜಗಿಯುತ್ತಾಳೆ, ಸಿಗರೇಟು ಎಳೆಯುತ್ತಾಳೆ, ನಡುನಡುವೆ ವಿರಹದ ಹಾಡನ್ನೂ ಹೇಳುತ್ತಾಳೆ. ಇವಿಷ್ಟೂ ಒಟ್ಟೊಟ್ಟಿಗೆ! ಹಾಡಿನಲ್ಲಿ ಕಣ್ಣೀರು, ಮುಖದಲ್ಲಿ ಮಾತ್ರ ನೂರು ಸಲ ಇದನ್ನೇ ಹಾಡಿದವಳ ಬೇಸರ. ನಗು ಬರುತ್ತದೆ, ಹಿಂದೆಯೇ ಅಯ್ಯೋ ಪಾಪ ಅನಿಸುತ್ತದೆ. ಸಿನಿಮಾದ ನಾಯಕ ಯಾರು, ಏನು ಮಾಡಿದ ಅಂತ ಇವತ್ತು ಹೆಚ್ಚಿನವರಿಗೆ ನೆನಪಿಲ್ಲ. ಈ ತುಣುಕು ಉಳಿದಿದೆ.

ಜನಪ್ರಿಯತೆ ಬಂದದ್ದು ಅದಕ್ಕೂ ಮೊದಲು, 1939ರ 'ಪೊದ್ಕಿದಿಶ್' ಚಿತ್ರದಿಂದ. ಮಾಸ್ಕೋದಲ್ಲಿ ದಾರಿ ತಪ್ಪಿದ ಪುಟ್ಟ ಹುಡುಗಿಯ ಕತೆ. ಲ್ಯಾಲ್ಯಾ ಎಂಬ ಗಟ್ಟಿಗಿತ್ತಿ ಹೆಂಡತಿಯಾಗಿ ರಾನೆವ್‌ಸ್ಕಯಾ ತನ್ನ ಮೆತ್ತನೆಯ ಗಂಡನಿಗೆ 'ಮುಲ್ಯಾ, ನನ್ನ ತಲೆ ಕೆಡಿಸಬೇಡ!' ಅನ್ನುತ್ತಾರೆ. ಆ ಒಂದು ಮಾತು ದೇಶಕ್ಕೆಲ್ಲ ಅಂಟಿಕೊಂಡಿತು. ಬೀದಿಯಲ್ಲಿ ಕಂಡರೆ ಹುಡುಗರು ಅದನ್ನೇ ಕೂಗುತ್ತಾ ಹಿಂದೆ ಬೀಳುತ್ತಿದ್ದರು. 1976ರಲ್ಲಿ ಲೆನಿನ್ ಪದಕ ಕೊಡುವಾಗ ಬ್ರೆಜ್ನೆವ್ ಕೂಡ ಅದೇ ಮಾತು ಹೇಳಿದರಂತೆ. 'ಹೀಗೆ ಕರೆಯುವವರು ಬೀದಿ ಹುಡುಗರು, ಇಲ್ಲಾ ಪುಂಡರು' ಅಂತ ಈಕೆ ತಿರುಗಿಸಿ ಕೊಟ್ಟರು ಅಂತಲೂ ಹೇಳುತ್ತಾರೆ. ಆ ಸಾಲಿನ ಮೇಲೆ ಅವರಿಗೆ ಅಷ್ಟು ಸಿಟ್ಟಿತ್ತು.

ಸಿಕ್ಕಿದ್ದು ದೊಡ್ಡ ಪಾತ್ರವೇ ಅನ್ನಬಹುದಾದ ಚಿತ್ರ ರೊಮ್ ಅವರ 'ಮೆಚ್ತಾ', ಅಂದರೆ ಕನಸು. ಪಶ್ಚಿಮ ಉಕ್ರೇನ್‌ನ ಒಂದು ಊರಲ್ಲಿ ವಸತಿಗೃಹ ನಡೆಸುವ ರೋಜಾ ಸ್ಕೊರೊಖೋದ್. ಕಾಸಿಗೆ ಕಾಸು ಕೂಡಿಡುವ ಜಿಪುಣಿ, ಬಾಡಿಗೆದಾರರ ಪ್ರಾಣ ಹಿಂಡುವವಳು. ಮಗನ ವಿಷಯ ಬಂದರೆ ಮಾತ್ರ ಕರಗಿ ನೀರು. ಜೈಲಿನ ಕಂಬಿಯಾಚೆ ಮಗನನ್ನು ನೋಡುವ ದೃಶ್ಯದಲ್ಲಿ ಅವರ ಮುಖ ನೋಡಿ. ಬೊಲ್ಶಕೋವ್ ಹೆದರಿದ್ದು ಇಂಥ ಕ್ಲೋಸಪ್‌ಗೇ. ಚಿತ್ರದ ಕೆಲಸ ಮುಗಿಯುವ ಹೊತ್ತಿಗೆ, 1941ರ ಜೂನ್‌ನಲ್ಲಿ, ಜರ್ಮನ್ ದಾಳಿ ಶುರುವಾಯಿತು. ತೆರೆಗೆ ಬಂದದ್ದು 1943ರಲ್ಲಿ. ಇಲ್ಲೂ ಚಿತ್ರದ ನಾಯಕಿ ಕುಜ್ಮಿನಾ ಅವರೇ.

ಇನ್ನು ಆ ಪತ್ರದ ಹಿನ್ನೆಲೆ. ಅದು ಒಬ್ಬ ಅಧಿಕಾರಿಯ ಸ್ವಂತ ತಿಕ್ಕಲಲ್ಲ. 1942ರ ಆಗಸ್ಟ್‌ನಲ್ಲೇ ಪಕ್ಷದ ಪ್ರಚಾರ ವಿಭಾಗದ ಮುಖ್ಯಸ್ಥ ಗಿಯೋರ್ಗಿ ಅಲೆಕ್ಸಾಂಡ್ರೋವ್, ಕಲಾಸಂಸ್ಥೆಗಳಲ್ಲಿ ರಷ್ಯನ್ನರಲ್ಲದವರು, ಅದರಲ್ಲೂ ಯಹೂದಿಗಳು ಜಾಸ್ತಿಯಾಗಿದ್ದಾರೆ ಅಂತ ಟಿಪ್ಪಣಿ ಬರೆದಿದ್ದರು. ಸೋವಿಯತ್ ಪಾಸ್‌ಪೋರ್ಟ್‌ನಲ್ಲಿ ಜನಾಂಗ ಬರೆಯುವ ಕಾಲಮ್ಮೇ ಇತ್ತು. ಕೆಲಸ ಕೊಡುವಾಗ, ಬಡ್ತಿ ಕೊಡುವಾಗ ಅದನ್ನು ನೋಡುವ ಚಾಳಿ ಆಗಿನಿಂದ ಬೇರು ಬಿಟ್ಟಿತು. 1948ರ ಜನವರಿಯಲ್ಲಿ ಮಿನ್‌ಸ್ಕ್‌ನಲ್ಲಿ ಯಹೂದಿ ರಂಗಭೂಮಿಯ ದೊಡ್ಡ ನಟ ಸೊಲೊಮೊನ್ ಮಿಖೋಯೆಲ್ಸ್ ಅವರನ್ನು ಕೊಂದು, ಅಪಘಾತ ಅಂತ ತೋರಿಸಲಾಯಿತು. ರಾನೆವ್‌ಸ್ಕಯಾ ಅವರ ಗೆಳೆಯರು ಅವರು. 1949ರಲ್ಲಿ ಆ ಥಿಯೇಟರೇ ಮುಚ್ಚಿತು. 'ಬೇರಿಲ್ಲದ ವಿಶ್ವನಾಗರಿಕರು' ಅಂತ ಯಹೂದಿ ವಿಮರ್ಶಕರನ್ನು ಪತ್ರಿಕೆಗಳು ಹೀಗಳೆದವು. ತೈರೋವ್ ಕೂಡ ತಾವೇ ಕಟ್ಟಿದ ಕಾಮೆರ್ನಿಯನ್ನು ಕಳೆದುಕೊಂಡು 1950ರಲ್ಲಿ ತೀರಿಕೊಂಡರು.

ಇದೇ ವರ್ಷಗಳಲ್ಲಿ ರಾನೆವ್‌ಸ್ಕಯಾಗೆ ಮೂರು ಸ್ಟಾಲಿನ್ ಬಹುಮಾನ ಬಂದವು! 1949ರಲ್ಲಿ ಒಂದು, 1951ರಲ್ಲಿ ಎರಡು. ಮೊದಲನೆಯದು ಪಾಶ್ಚಾತ್ಯರಿಗೆ ಮಣಿಯುವ ವಿಜ್ಞಾನಿಗಳನ್ನು ಬೈಯುವ 'ಗೌರವದ ಕಾನೂನು' ನಾಟಕಕ್ಕೆ, ಅಂದರೆ ಅದೇ ಅಭಿಯಾನದ ಕೂಸಿಗೆ. ಇನ್ನೊಂದು, ಜರ್ಮನ್ ಹೆಂಗಸು ಫ್ರೌ ವುರ್ಸ್ಟ್ ಪಾತ್ರಕ್ಕೆ. ಬಹುಮಾನ ಕೊಡುವ ಕೈಯೇ ಪಾತ್ರ ತಡೆಯುತ್ತಿತ್ತು. ಆ ಕಾಲದಲ್ಲಿ ಇದು ವಿಚಿತ್ರ ಅಂತ ಯಾರಿಗೂ ಅನಿಸಿರಲಿಕ್ಕಿಲ್ಲ. ಜತೆಗೆ ಸಿನಿಮಾಗಳೂ ಕಡಿಮೆಯಾದವು. ಸ್ವಲ್ಪವೇ ಚಿತ್ರ, ಎಲ್ಲವೂ ಮಹಾನ್ ಚಿತ್ರವೇ ಆಗಬೇಕು ಅನ್ನುವುದು ಸ್ಟಾಲಿನ್ ಲೆಕ್ಕ. 1951ರಲ್ಲಿ ಅಷ್ಟು ದೊಡ್ಡ ದೇಶದಲ್ಲಿ ತಯಾರಾದದ್ದು ಒಂಬತ್ತು ಕಥಾಚಿತ್ರ. ಆ ಒಂಬತ್ತರಲ್ಲಿ ಹಾಸ್ಯ ನಟಿಗೆ ಏನು ಸಿಕ್ಕೀತು?

ಈ ಬರಗಾಲಕ್ಕೆ ಸ್ವಲ್ಪ ಮುಂಚೆ, 1947ರಲ್ಲಿ, 'ಸಿಂಡ್ರೆಲಾ' ಬಂದಿತ್ತು. ಅದರಲ್ಲಿ ಮಲತಾಯಿ. ಚಿತ್ರಕತೆ ಬರೆದ ಯೆವ್ಗೆನಿ ಶ್ವಾರ್ಟ್ಸ್ ತಮ್ಮ ಒಂದಕ್ಷರ ಬದಲಾದರೂ ಸಹಿಸುತ್ತಿರಲಿಲ್ಲ. ಈಕೆಗೆ ಮಾತ್ರ ವಿನಾಯಿತಿ. ರಾಜ ಎಷ್ಟು ಸಲ ತಿರುಗಿ ನೋಡಿದ, ರಾಜಕುಮಾರ ಎಷ್ಟು ಸಲ ನಕ್ಕ ಅಂತ ಮಕ್ಕಳ ಜತೆ ಸೇರಿ ಲೆಕ್ಕ ಇಡುವ ದೃಶ್ಯದಲ್ಲಿ ಆಕೆ ಥೇಟ್ ಸರ್ಕಾರಿ ಗುಮಾಸ್ತೆ. ನೋಡುವವರಿಗೆ ತಮ್ಮ ಪಕ್ಕದ ಮನೆಯಾಕೆಯೇ ಕಂಡಿರಬೇಕು.

ರಂಗಭೂಮಿಯಲ್ಲಿ ಆಕೆಯ ಹೆಚ್ಚಿನ ವರ್ಷಗಳು ಕಳೆದದ್ದು ಮೊಸ್ಸೊವೆತ್ ಥಿಯೇಟರ್‌ನಲ್ಲಿ. ಅಲ್ಲಿನ ಯಜಮಾನ ಯೂರಿ ಜವಾದ್‌ಸ್ಕಿ. ಇಬ್ಬರ ಜಟಾಪಟಿ ಮಾಸ್ಕೋಗೆಲ್ಲ ಗೊತ್ತು. 'ಬಿರುಗಾಳಿ' ಎಂಬ ಕ್ರಾಂತಿ ಕಾಲದ ನಾಟಕದಲ್ಲಿ ಕಾಳಸಂತೆಯ ಮಂಕಾ ಆಗಿ ಈಕೆಗೆ ಒಂದೇ ದೃಶ್ಯ. ಸಂಭಾಷಣೆಯ ಬಹುಪಾಲನ್ನು ತಾವೇ ಬರೆದುಕೊಂಡಿದ್ದರು. ಆ ದೃಶ್ಯ ಮುಗಿದರೆ ಜನ ಎದ್ದು ಹೋಗುತ್ತಿದ್ದರಂತೆ. ಜವಾದ್‌ಸ್ಕಿ ಮಾಡಿದ್ದೇನು? ದೃಶ್ಯವನ್ನೇ ಕಿತ್ತುಹಾಕಿದರು. ಚೆನ್ನಾಗಿ ಮಾಡಿದ್ದೇ ತಪ್ಪಾಯಿತು.

ಹಾಗಂತ ತಪ್ಪೆಲ್ಲ ಬೇರೆಯವರದೇ ಅನ್ನಲಾರೆ. ಒಂದು ಥಿಯೇಟರ್‌ನಲ್ಲಿ ಮುನಿಸಿಕೊಂಡು ಇನ್ನೊಂದಕ್ಕೆ ಹೋಗುವುದು, ತಾಲೀಮಿನಲ್ಲಿ ಎದುರು ನಟರನ್ನು ಅಳಿಸುವುದು, ಬಂದ ಪಾತ್ರಗಳನ್ನು ಬೇಡ ಅನ್ನುವುದು ಅವರಿಗೆ ಹೊಸದಾಗಿರಲಿಲ್ಲ. ಆದರೆ 1969ರಲ್ಲಿ ಅನತೋಲಿ ಎಫ್ರೋಸ್ ನಿರ್ದೇಶಿಸಿದ 'ಮುಂದೆ ಬರೀ ಮೌನ' ನಾಟಕ ನೋಡಿದರೆ ಆ ದೂರುಗಳು ಹಗುರಾಗುತ್ತವೆ. ಮನೆ ಕಳೆದುಕೊಂಡ ಮುದಿ ದಂಪತಿಗೆ ಐವರು ಮಕ್ಕಳು. ಇಬ್ಬರನ್ನೂ ಒಟ್ಟಿಗೆ ಇಟ್ಟುಕೊಳ್ಳಲು ಯಾರೂ ತಯಾರಿಲ್ಲ. ಗಂಡನ ಪಾತ್ರದಲ್ಲಿ ರೊಸ್ತಿಸ್ಲಾವ್ ಪ್ಲ್ಯಾಟ್. 70 ದಾಟಿದ ಮೇಲೆ ರಾನೆವ್‌ಸ್ಕಯಾಗೆ ತಕ್ಕ ಪಾತ್ರ ಸಿಕ್ಕಿತ್ತು. ಸುಮಾರು ಹತ್ತು ವರ್ಷ ಟಿಕೆಟ್‌ಗೆ ನೂಕುನುಗ್ಗಲು.

1982ರ ಅಕ್ಟೋಬರ್‌ನಲ್ಲಿ ಕೊನೆಯ ಸಲ ರಂಗಕ್ಕೆ ಬಂದರು. 1984ರ ಜುಲೈ 19ರಂದು ತೀರಿಕೊಂಡರು. ನೆನಪುಗಳನ್ನು ಬರೆದಿದ್ದರು, ಆಮೇಲೆ ಹರಿದು ಹಾಕಿ ಪ್ರಕಾಶಕರ ಮುಂಗಡ ಹಣ ವಾಪಸ್ ಕೊಟ್ಟರು. ಆ ಖಾಲಿ ಜಾಗವನ್ನು ಈಗ ಇಂಟರ್ನೆಟ್ ತುಂಬಿದೆ. ಸಿಗರೇಟು ಹಿಡಿದ ಅವರ ಫೋಟೊ, ಕೆಳಗೊಂದು ಚುರುಕು ಮಾತು. ಅದರಲ್ಲಿ ಆಕೆ ಆಡಿದ್ದು ಎಷ್ಟೋ, ಬೇರೆಯವರು ಅಂಟಿಸಿದ್ದು ಎಷ್ಟೋ. ಟಗನ್‌ರೋಗ್‌ನಲ್ಲಿ ಅವರು ಹುಟ್ಟಿದ ಮನೆಯ ಮುಂದೆ 2008ರಲ್ಲಿ ಕಂಚಿನ ಪ್ರತಿಮೆ ನಿಲ್ಲಿಸಿದರು. ಯಾವ ಪಾತ್ರದ ವೇಷ ಗೊತ್ತಾ? ಅವರಿಗೆ ಬೇಡವಾಗಿದ್ದ ಅದೇ ಲ್ಯಾಲ್ಯಾ.

ಹೊಸದಾಗಿ ನೋಡುವವರು ಇಂಟರ್ನೆಟ್‌ನ ಆ ಚುರುಕು ಮಾತುಗಳಿಂದ ಶುರು ಮಾಡುವುದು ಬೇಡ. 'ಸಿಂಡ್ರೆಲಾ' ಮನೆಮಂದಿ ಕೂತು ನೋಡುವಂಥದ್ದು. ಆಮೇಲೆ 'ಮೆಚ್ತಾ'. 'ಮುಂದೆ ಬರೀ ಮೌನ' ನಾಟಕವನ್ನು 1978ರಲ್ಲಿ ಟಿವಿಗಾಗಿ ಚಿತ್ರೀಕರಿಸಿದ್ದಾರೆ. ರಷ್ಯನ್ ಬಾರದಿದ್ದರೂ, ಅದರ ಕೊನೆಯಲ್ಲಿ ರೈಲ್ವೆ ನಿಲ್ದಾಣದಲ್ಲಿ ಗಂಡಹೆಂಡಿರು ಬೀಳ್ಕೊಡುವ ಭಾಗ ಪೂರ್ತಿ ಅರ್ಥವಾಗುತ್ತದೆ.