ಎಮಿಲೂ ಹ್ಯಾರಿಸ್: ಎರಡನೇ ದನಿಯಲ್ಲಿ ಕಲಿತ ಹಾಡು

ಅಮೆರಿಕದ ಕಂಟ್ರಿ ಸಂಗೀತ ಕೇಳಲು ಶುರುಮಾಡಿದವರಿಗೆ ಗಾಯಕಿ ಎಮಿಲೂ ಹ್ಯಾರಿಸ್ ಹೆಸರು ಹೋದಲ್ಲೆಲ್ಲ ಎದುರಾಗುತ್ತದೆ. ಬಾಬ್ ಡಿಲನ್ ಅವರ 1976ರ ‘ಡಿಸೈರ್’ ಆಲ್ಬಂ ಹಾಕಿದರೆ ಅಲ್ಲಿ ಇವರ ದನಿ. 1980ರಲ್ಲಿ ರಾಯ್ ಆರ್ಬಿಸನ್ ಜೊತೆ ಒಂದು ಹಾಡು. 2006ರಲ್ಲಿ ಮಾರ್ಕ್ ನಾಫ್ಲರ್ ಜೊತೆ ಇಡೀ ಒಂದು ಆಲ್ಬಂ. ಹಾಗಾಗಿ ‘ಬೇರೆಯವರ ಜೊತೆ ಚೆನ್ನಾಗಿ ಹಾಡುವವರು’ ಎಂದು ಒಂದು ಸಾಲು ಬರೆದುಕೊಂಡು ಮುಂದಕ್ಕೆ ಹೋಗಿಬಿಡುವುದು ಸುಲಭ. ನನ್ನ ನೋಟ್ಸ್‌ನಲ್ಲೂ ಮೊದಲು ಅಷ್ಟೇ ಇತ್ತು.

ಆಮೇಲೆ ಅವರ ಹಾಡುಗಳನ್ನು ವರ್ಷದ ಪ್ರಕಾರ ಜೋಡಿಸಿಕೊಂಡು ಒಂದೊಂದಾಗಿ ಕೇಳಿದೆ. ಆಗ ಕಂಡದ್ದು ಬೇರೆ. ಜೊತೆಯಲ್ಲಿ ಹಾಡುವುದು ಅವರಿಗೆ ಪಕ್ಕದ ಕೆಲಸ ಆಗಿರಲಿಲ್ಲ, ಅದೇ ಅವರ ಶಾಲೆ. ಬೇರೆಯವರ ಹಾಡುಗಳ ಒಳಗೆ ಕಾಲು ಶತಮಾನ ಕೂತು ಕಲಿತರು. ಕಲಿತದ್ದೆಲ್ಲ 53ನೇ ವಯಸ್ಸಿನಲ್ಲಿ ಅವರ ಸ್ವಂತ ಹಾಡುಗಳಾಗಿ ಹೊರಗೆ ಬಂತು. ಈ ಟಿಪ್ಪಣಿಯಲ್ಲಿ ಆ ದಾರಿಯನ್ನೇ ಹಿಡಿದು ಹೋಗೋಣ.

ಮೊದಲು ಎರಡನೇ ದನಿ ಅಂದರೆ ಏನು

ಇದು ಗೊತ್ತಿಲ್ಲದೆ ಎಮಿಲೂ ಅವರ ಕೆಲಸ ಅರ್ಥವಾಗುವುದಿಲ್ಲ. ಅದಕ್ಕೇ ಇಲ್ಲಿ ಸ್ವಲ್ಪ ನಿಲ್ಲುತ್ತೇನೆ.

ನಮ್ಮಲ್ಲಿ ಹತ್ತು ಜನ ಸೇರಿ ಹಾಡಿದರೂ ಸಾಮಾನ್ಯವಾಗಿ ಸ್ವರ ಒಂದೇ. ಸೋಬಾನೆ ಪದದಲ್ಲಿ ಒಬ್ಬರು ಸೊಲ್ಲು ಹೇಳುತ್ತಾರೆ, ಉಳಿದವರು ಅದನ್ನೇ ಎತ್ತಿಕೊಳ್ಳುತ್ತಾರೆ. ಭಜನೆಯಲ್ಲೂ ಹಾಗೇ. ಒಬ್ಬರ ಸ್ವರ ಬೇರೆಯಾದರೆ ‘ಅಪಸ್ವರ’ ಅಂತೀವಿ. ಎರಡನೇ ದನಿ ಅಂದರೆ ಹಾರ್ಮನಿ, ಅದರಲ್ಲಿ ಬೇಕೆಂದೇ ಬೇರೆ ಸ್ವರ ಹಿಡಿಯುತ್ತಾರೆ. ಒಬ್ಬರು ಒಂದು ಪದವನ್ನು ‘ಸ’ದಲ್ಲಿ ಹಾಡಿದರೆ, ಇನ್ನೊಬ್ಬರು ಅದೇ ಪದವನ್ನು ಅದೇ ಕ್ಷಣಕ್ಕೆ ‘ಗ’ದಲ್ಲಿ ಹಾಡುತ್ತಾರೆ. ಮೂರನೆಯವರಿದ್ದರೆ ‘ಪ’. ಮೂರೂ ಸೇರಿ ಒಂದು ಹೊಸ ನಾದ ಹುಟ್ಟುತ್ತದೆ.

ಇದನ್ನು ಓದಿ ತಿಳಿಯುವುದು ಕಷ್ಟ, ಮಾಡಿ ನೋಡಿ. ಫೋನಿನಲ್ಲಿ ತಂಬೂರಿ ಆ್ಯಪ್ ಹಾಕಿಕೊಳ್ಳಿ. ಗೆಳೆಯರೊಬ್ಬರು ‘ಸ’ ಹಿಡಿದು ನಿಲ್ಲಲಿ. ನೀವು ‘ಗ’, ಅಂದರೆ ಅಂತರ ಗಾಂಧಾರ ಹಿಡಿಯಿರಿ. ಮೊದಲ ಎರಡು ನಿಮಿಷ ನಿಮ್ಮ ದನಿ ತಾನಾಗಿ ಜಾರಿ ಅವರ ‘ಸ’ಕ್ಕೆ ಹೋಗಿ ಕೂರುತ್ತದೆ. ನನಗೂ ಹಾಗೇ ಆಯಿತು. ಪಕ್ಕದವರ ಸ್ವರವನ್ನು ಪೂರ್ತಿ ಕೇಳಿಸಿಕೊಳ್ಳುತ್ತಲೇ ನಮ್ಮ ಸ್ವರ ಬಿಡದೆ ನಿಲ್ಲಬೇಕು. ಕಿವಿಗೂ ಗಂಟಲಿಗೂ ಒಟ್ಟಿಗೇ ಕೆಲಸ.

ಇದರಲ್ಲಿ ಎರಡು ದಾರಿಗಳಿವೆ. ಮುಖ್ಯ ರಾಗದ ಮೇಲೆ ಒಂದೇ ಅಂತರ ಇಟ್ಟುಕೊಂಡು ನೆರಳಿನ ಹಾಗೆ ಹೋಗುವುದು ಒಂದು. ಎರಡನೇ ದನಿಗೂ ತನ್ನದೇ ನಡೆ ಇರುವುದು ಇನ್ನೊಂದು: ಮುಖ್ಯ ದನಿ ಇಳಿಯುವಾಗ ಇದು ಅಲ್ಲೇ ನಿಲ್ಲುತ್ತದೆ, ಅದು ನಿಂತಾಗ ಇದು ಮೇಲಕ್ಕೇರುತ್ತದೆ. ಎಮಿಲೂ ಜಾಸ್ತಿ ಹಿಡಿದದ್ದು ಈ ಎರಡನೇ ದಾರಿ. ಅವರ ಭಾಗವನ್ನು ಮಾತ್ರ ಬೇರೆ ಮಾಡಿ ಗುನುಗಿದರೂ ಅದು ಒಂದು ಹಾಡಿನ ಹಾಗೆ ಕೇಳಿಸುತ್ತದೆ.

ಗ್ರಾಮ್ ಪಾರ್ಸನ್ಸ್ ಸಿಕ್ಕಿದ್ದು

ಎಮಿಲೂ ಹುಟ್ಟಿದ್ದು 1947ರ ಏಪ್ರಿಲ್ 2ರಂದು, ಅಲಬಾಮಾ ರಾಜ್ಯದ ಬರ್ಮಿಂಗ್‌ಹ್ಯಾಮ್‌ನಲ್ಲಿ. ತಂದೆ ಮರೀನ್ ಪಡೆಯ ಅಧಿಕಾರಿ, ಕೊರಿಯಾ ಯುದ್ಧದಲ್ಲಿ ಸೆರೆ ಸಿಕ್ಕು ತಿಂಗಳುಗಟ್ಟಲೆ ಅಲ್ಲಿದ್ದು ಬಂದವರು. ಮಗಳು ಓದಿನಲ್ಲಿ ಮುಂದು. ನಾಟಕ ಕಲಿಯಲು ಸ್ಕಾಲರ್‌ಶಿಪ್ ಸಿಕ್ಕಿತ್ತು. ಅದನ್ನು ನಡುವೆ ಬಿಟ್ಟು ನ್ಯೂಯಾರ್ಕ್‌ನ ಗ್ರೀನಿಚ್ ವಿಲೇಜ್‌ಗೆ ಹೋಗಿ ಕಾಫಿ ಹೌಸ್‌ಗಳಲ್ಲಿ ಫೋಕ್ ಹಾಡಿದರು. ಮೊದಲ ಆಲ್ಬಂ ‘ಗ್ಲೈಡಿಂಗ್ ಬರ್ಡ್’ ಬಂತು, ಆದರೆ ಅದನ್ನು ತಂದ ಕಂಪನಿಯೇ ದಿವಾಳಿಯಾಯಿತು. ಮದುವೆಯೂ ಮುರಿಯಿತು. ಪುಟ್ಟ ಮಗಳನ್ನು ಕರೆದುಕೊಂಡು ವಾಷಿಂಗ್ಟನ್ ಹತ್ತಿರ ತಂದೆತಾಯಿ ಮನೆಗೆ ಬಂದರು. ಅಲ್ಲಿನ ಸಣ್ಣ ಕ್ಲಬ್‌ಗಳಲ್ಲಿ ಹಾಡತೊಡಗಿದರು.

1971ರಲ್ಲಿ ‘ಫ್ಲೈಯಿಂಗ್ ಬರಿಟೊ ಬ್ರದರ್ಸ್’ ತಂಡದ ಕ್ರಿಸ್ ಹಿಲ್‌ಮನ್ ಅಲ್ಲಿ ಎಮಿಲೂ ಹಾಡುವುದನ್ನು ಕೇಳಿದರು. ಆ ತಂಡ ಬಿಟ್ಟಿದ್ದ ಗ್ರಾಮ್ ಪಾರ್ಸನ್ಸ್‌ಗೆ ಜೊತೆಗೆ ಹಾಡುವ ಹೆಣ್ಣುದನಿ ಬೇಕಿತ್ತು. ಹಿಲ್‌ಮನ್ ಹೆಸರು ಹೇಳಿದರು, ಗ್ರಾಮ್ ಬಂದು ಕೇಳಿದರು. ಆಮೇಲೆ ಎಮಿಲೂ ಲಾಸ್ ಏಂಜಲಿಸ್‌ಗೆ ಹೋಗಿ ಅವರ ‘ಜಿಪಿ’ ಆಲ್ಬಂನಲ್ಲಿ ಹಾಡಿದರು. ಅದು ಬಂದದ್ದು 1973ರಲ್ಲಿ.

ಅಲ್ಲಿಯವರೆಗೆ ಎಮಿಲೂ ಫೋಕ್ ಹುಡುಗಿ. ಕಂಟ್ರಿ ಹಾಡಿನ ಮೇಲೆ ಅವರಿಗೆ ಅಷ್ಟು ಮನಸ್ಸಿರಲಿಲ್ಲ. ಲೂವಿನ್ ಬ್ರದರ್ಸ್ ಎಂಬ ಅಣ್ಣತಮ್ಮಂದಿರ ಜೋಡಿ ದನಿಯನ್ನು ಕೇಳಿಸಿದವರು ಗ್ರಾಮ್. ಅಲ್ಲಿಂದ ಅವರ ಕಿವಿಯೇ ಬದಲಾಯಿತು.

ಈಗ ಗ್ರಾಮ್ ಅವರ ಮುಂದಿನ ಆಲ್ಬಂ ‘ಗ್ರೀವಿಯಸ್ ಏಂಜಲ್’ನ ‘ಲವ್ ಹರ್ಟ್ಸ್’ ಹಾಕಿ. ಬೂಡ್ಲೊ ಬ್ರಯಂಟ್ ಬರೆದ ಈ ಹಾಡನ್ನು 1960ರಲ್ಲೇ ಎವರ್ಲಿ ಬ್ರದರ್ಸ್ ಹಾಡಿದ್ದರು. ಇಲ್ಲಿ ಬಹುಪಾಲು ಇಬ್ಬರೂ ಒಟ್ಟಿಗೇ ಹಾಡುತ್ತಾರೆ. ಗ್ರಾಮ್ ದನಿ ಸ್ವಲ್ಪ ನಡುಗುತ್ತದೆ, ಕೆಲವು ಕಡೆ ಸ್ವರ ಬಿಟ್ಟುಹೋಗುತ್ತದೇನೋ ಎನ್ನುವಷ್ಟು ಬಳಲಿದೆ. ಮೇಲಿನ ದನಿ ಎಮಿಲೂ ಅವರದು, ತಿಳಿಯಾಗಿದೆ, ಆದರೆ ಎಲ್ಲೂ ಅವರನ್ನು ಮುಚ್ಚುವುದಿಲ್ಲ. ಮೊದಲ ಸಲ ಗ್ರಾಮ್ ದನಿ ಹಿಡಿದು ಕೇಳಿ. ಎರಡನೇ ಸಲ ಎಮಿಲೂ ದನಿ ಹಿಡಿಯಿರಿ. ಮೂರನೇ ಸಲ ಉಸಿರನ್ನು ಕೇಳಿ: ಅವರು ಪದ ಬಿಡುವಲ್ಲೇ ಇವರೂ ಬಿಡುತ್ತಾರೆ. ನಾನು ಇದನ್ನು ಇಯರ್‌ಫೋನ್ ಹಾಕಿಕೊಂಡು ಎಷ್ಟು ಸಲ ಕೇಳಿದೆನೋ ಲೆಕ್ಕವಿಲ್ಲ.

ಈ ಆಲ್ಬಂ ಹೊರಬರುವ ಮೊದಲೇ, 1973ರ ಸೆಪ್ಟೆಂಬರ್ 19ರಂದು, ಗ್ರಾಮ್ ತೀರಿಕೊಂಡರು. ವಯಸ್ಸು 26. ಜೊತೆಯ ದನಿಯಾಗಿ ಬಂದವರು ಈಗ ಒಬ್ಬರೇ ನಿಲ್ಲಬೇಕಾಯಿತು.

ಒಬ್ಬರೇ ನಿಂತರೂ ಒಬ್ಬರೇ ಅಲ್ಲ

1975ರಲ್ಲಿ ‘ಪೀಸಸ್ ಆಫ್ ದಿ ಸ್ಕೈ’ ಬಂತು. ನಿರ್ಮಾಪಕರು ಕೆನಡಾದ ಬ್ರಯನ್ ಅಹರ್ನ್. ಇದರಲ್ಲಿ ಎಮಿಲೂ ಸ್ವಂತವಾಗಿ ಬರೆದದ್ದು ಒಂದೇ ಹಾಡು, ‘ಬೋಲ್ಡರ್ ಟು ಬರ್ಮಿಂಗ್‌ಹ್ಯಾಮ್’. ಗ್ರಾಮ್ ಹೋದ ದುಃಖದ ಹಾಡು. ಅದನ್ನೂ ಅವರು ಒಬ್ಬರೇ ಬರೆಯಲಿಲ್ಲ, ಬಿಲ್ ಡ್ಯಾನಾಫ್ ಜೊತೆ ಸೇರಿ ಬರೆದರು. ಡ್ಯಾನಾಫ್ ಯಾರು ಅಂದರೆ, ಕಾಲೇಜು ಟೂರ್ ಬಸ್ಸಿನಲ್ಲಿ ಗಿಟಾರ್ ಹಿಡಿದವರು ಒಮ್ಮೆಯಾದರೂ ಹಾಡುವ ‘ಟೇಕ್ ಮಿ ಹೋಮ್, ಕಂಟ್ರಿ ರೋಡ್ಸ್’ ಬರೆದ ಮೂವರಲ್ಲಿ ಒಬ್ಬರು.

ಅದೇ ವರ್ಷ ಬಂದ ‘ಎಲೀಟ್ ಹೋಟೆಲ್’ ಕಂಟ್ರಿ ಪಟ್ಟಿಯಲ್ಲಿ ಮೊದಲ ಸ್ಥಾನಕ್ಕೆ ಹೋಯಿತು. ಅವರ ತಂಡದ ಹೆಸರು ಹಾಟ್ ಬ್ಯಾಂಡ್. ಎಲ್ವಿಸ್ ಪ್ರೀಸ್ಲಿ ಜೊತೆ ನುಡಿಸುತ್ತಿದ್ದ ಜೇಮ್ಸ್ ಬರ್ಟನ್ ಗಿಟಾರ್‌ನಲ್ಲಿ, ಗ್ಲೆನ್ ಡಿ. ಹಾರ್ಡಿನ್ ಪಿಯಾನೊದಲ್ಲಿ. ರಿದಂ ಗಿಟಾರ್ ಹಿಡಿದು ಜೊತೆಗೆ ಹಾಡಲು ಬಂದ ಹುಡುಗ ರಾಡ್ನಿ ಕ್ರೋವೆಲ್, ಟೆಕ್ಸಸ್‌ನವನು, ಆಗ ಯಾರಿಗೂ ಗೊತ್ತಿಲ್ಲದ ಹಾಡುಗಾರ. ಅವನು ಬರೆದ ‘ಬ್ಲೂಬರ್ಡ್ ವೈನ್’ ಹಾಡನ್ನು ಎಮಿಲೂ ‘ಪೀಸಸ್ ಆಫ್ ದಿ ಸ್ಕೈ’ ಆಲ್ಬಂನ ಮೊದಲ ಹಾಡಾಗಿಯೇ ಇಟ್ಟಿದ್ದರು. ಈ ಹೆಸರು ನೆನಪಿಟ್ಟುಕೊಳ್ಳಿ, ಕೊನೆಯಲ್ಲಿ ಬೇಕಾಗುತ್ತದೆ. ಕ್ರೋವೆಲ್ ಬಿಟ್ಟ ಮೇಲೆ ಆ ಜಾಗಕ್ಕೆ ರಿಕಿ ಸ್ಕ್ಯಾಗ್ಸ್ ಬಂದರು. ಅವರ ಜೊತೆಯ ಫಲವೇ 1980ರ ಬ್ಲೂಗ್ರಾಸ್ (ಬ್ಯಾಂಜೊ, ಫಿಡಲ್‌ನಂಥ ತಂತಿವಾದ್ಯಗಳ ಕಂಟ್ರಿ ಶೈಲಿ) ಆಲ್ಬಂ ‘ರೋಸಸ್ ಇನ್ ದಿ ಸ್ನೋ’. ಮುಂದೆ ಕ್ರೋವೆಲ್, ಸ್ಕ್ಯಾಗ್ಸ್ ಇಬ್ಬರೂ ದೊಡ್ಡ ಹೆಸರಾದರು.

1975ರ ಬೇಸಿಗೆಯಲ್ಲಿ ಡಿಲನ್ ಜೊತೆಗಿನ ರೆಕಾರ್ಡಿಂಗ್. ಎಮಿಲೂ ಆ ಹಾಡುಗಳನ್ನು ಮೊದಲು ಕೇಳಿಯೇ ಇರಲಿಲ್ಲ. ಡಿಲನ್ ಒಂದೇ ಸಾಲನ್ನು ಪ್ರತಿ ಸಲ ಬೇರೆ ಥರ ಹಾಡುವವರು. ಒಂದು ಕಣ್ಣು ಸಾಹಿತ್ಯದ ಹಾಳೆ ಮೇಲೆ, ಇನ್ನೊಂದು ಡಿಲನ್ ತುಟಿ ಮೇಲೆ ಇಟ್ಟು ಹಾಡಬೇಕಾಯಿತು ಎಂದು ಅವರೇ ಹೇಳಿಕೊಂಡಿದ್ದಾರೆ. ‘ಒನ್ ಮೋರ್ ಕಪ್ ಆಫ್ ಕಾಫಿ’ ಕೇಳುವಾಗ ಇದನ್ನು ನೆನಪಿಟ್ಟುಕೊಂಡರೆ ಆ ಎರಡು ದನಿಗಳ ನಡುವಿನ ಬಿಗಿ ಎಲ್ಲಿಂದ ಬಂತು ಎಂದು ತಿಳಿಯುತ್ತದೆ.

ಮೂರು ದನಿ

ಡಾಲಿ ಪಾರ್ಟನ್, ಲಿಂಡಾ ರಾನ್‌ಸ್ಟಾಟ್ ಮತ್ತು ಎಮಿಲೂ. ಮೂವರೂ ತಮ್ಮ ತಮ್ಮ ದಾರಿಯಲ್ಲಿ ಹೆಸರು ಮಾಡಿದವರು, ಮೂವರೂ ಗೆಳತಿಯರು. ಸೇರಿ ಒಂದು ಆಲ್ಬಂ ಮಾಡಬೇಕೆಂದು 1970ರ ದಶಕದ ಕೊನೆಯಲ್ಲೇ ಹೊರಟಿದ್ದರು. ದಿನಾಂಕಗಳು ಹೊಂದಲಿಲ್ಲ, ಕಂಪನಿಗಳೂ ಬೇರೆ ಬೇರೆ. ಆಗಲಿಲ್ಲ. ಕೊನೆಗೆ ‘ಟ್ರಯೊ’ ಬಂದದ್ದು 1987ರಲ್ಲಿ. ಅಮೆರಿಕದಲ್ಲಿ ಹತ್ತು ಲಕ್ಷಕ್ಕೂ ಹೆಚ್ಚು ಮಾರಾಟವಾಯಿತು, ಗ್ರ್ಯಾಮಿಯೂ ಬಂತು. ಮೈಕಲ್ ಜಾಕ್ಸನ್, ಪ್ರಿನ್ಸ್, ಯು2 ಇದ್ದ ಗ್ರ್ಯಾಮಿಯ ‘ವರ್ಷದ ಆಲ್ಬಂ’ ನಾಮನಿರ್ದೇಶನ ಪಟ್ಟಿಯಲ್ಲಿ ಇದೂ ಇತ್ತು!

ಕಲಿಯುವವರಿಗೆ ಇದಕ್ಕಿಂತ ಒಳ್ಳೆಯ ಪಠ್ಯ ಸಿಗುವುದಿಲ್ಲ. ಮೂರು ದನಿಗಳ ಬಣ್ಣ ಬೇರೆ ಬೇರೆ. ಡಾಲಿ ದನಿ ತೆಳು, ಚುರುಕು, ಬೆಟ್ಟದ ಹಳ್ಳಿಯ ಕಂಪನ ಇರುವಂಥದ್ದು. ಲಿಂಡಾ ದನಿ ತುಂಬಿದ ಕೊಡದ ಹಾಗೆ ದುಂಡಗೆ. ಎಮಿಲೂ ದನಿಯಲ್ಲಿ ಸ್ವಲ್ಪ ಗಾಳಿ, ಅಂಚಿನಲ್ಲಿ ಸಣ್ಣ ಬಿರುಕು. ಮುಖ್ಯ ದನಿ ಒಬ್ಬರದೇ ಅಲ್ಲ, ಹಾಡಿನಿಂದ ಹಾಡಿಗೆ ಬದಲಾಗುತ್ತದೆ. ‘ವೈಲ್ಡ್‌ಫ್ಲವರ್ಸ್’ನಲ್ಲಿ ಡಾಲಿ ಮುಂದೆ, ‘ಟೆಲ್ಲಿಂಗ್ ಮಿ ಲೈಸ್’ನಲ್ಲಿ ಲಿಂಡಾ. ಕಂಟ್ರಿ ಪಟ್ಟಿಯಲ್ಲಿ ಒಂದನೇ ಸ್ಥಾನಕ್ಕೆ ಹೋದ ‘ಟು ನೋ ಹಿಮ್ ಈಸ್ ಟು ಲವ್ ಹಿಮ್’ನಲ್ಲಿ ಎಮಿಲೂ. ಒಂದು ಹಾಡಿನಲ್ಲಿ ಮುಂದಿದ್ದವರು ಮುಂದಿನ ಹಾಡಿನಲ್ಲಿ ಹೇಗೆ ದನಿ ತಗ್ಗಿಸಿಕೊಳ್ಳುತ್ತಾರೆ ನೋಡಿ. ಸ್ವರ ಕಲಿಯುವುದಕ್ಕಿಂತ ಅದು ಕಷ್ಟ ಅಲ್ವಾ?

ಎರಡನೆಯ ‘ಟ್ರಯೊ’ ಬರಲು 1999 ಆಯಿತು.

ನ್ಯಾಶ್‌ವಿಲ್ ಮತ್ತು ಆಮೇಲೆ

1985ರಲ್ಲಿ ಎಮಿಲೂ ಒಂದು ಧೈರ್ಯ ಮಾಡಿದ್ದರು. ಪಾಲ್ ಕೆನರ್ಲಿ ಜೊತೆ ಸೇರಿ ‘ದಿ ಬ್ಯಾಲಡ್ ಆಫ್ ಸ್ಯಾಲಿ ರೋಸ್’ ಆಲ್ಬಂನ ಎಲ್ಲ ಹಾಡುಗಳನ್ನೂ ಬರೆದರು. ಒಬ್ಬ ಗಾಯಕಿ, ಅವಳಿಗೆ ದಾರಿ ತೋರಿಸಿದ ಗಾಯಕ, ಅವನ ಸಾವು. ಗ್ರಾಮ್ ನೆರಳು ಎದ್ದು ಕಾಣುತ್ತದೆ. ಆಲ್ಬಂ ಮಾರಾಟವಾಗಲಿಲ್ಲ. ಮತ್ತೆ ಹೆಚ್ಚಾಗಿ ಬೇರೆಯವರ ಹಾಡುಗಳಿಗೇ ಮರಳಿದರು.

1991ರಲ್ಲಿ ನ್ಯಾಶ್‌ವಿಲ್‌ನ ರೈಮನ್ ಸಭಾಂಗಣದಲ್ಲಿ ಹಾಡಿದರು. 1892ರ ಕಟ್ಟಡ, ಕಂಟ್ರಿ ಸಂಗೀತದ ಹಳೆಯ ತವರು. ಆಗ ಎಷ್ಟು ಹಾಳಾಗಿತ್ತೆಂದರೆ ಬಾಲ್ಕನಿ ಮೇಲಾಗಲಿ ಅದರ ಕೆಳಗಾಗಲಿ ಯಾರೂ ಕೂರುವಂತಿರಲಿಲ್ಲ. ಆ ಕಾರ್ಯಕ್ರಮದ ಆಲ್ಬಂ ಬಂದ ಮೇಲೆ ಜನರ ಕಣ್ಣು ಮತ್ತೆ ಆ ಕಟ್ಟಡದ ಕಡೆ ತಿರುಗಿತು. ದುರಸ್ತಿಯಾಗಿ 1994ರಲ್ಲಿ ಬಾಗಿಲು ತೆರೆಯಿತು.

ಅಷ್ಟರಲ್ಲಿ ಕಂಟ್ರಿ ರೇಡಿಯೊದಲ್ಲಿ ಹೊಸ ತಲೆಮಾರು ಬಂದಿತ್ತು, ಇವರ ಹಾಡು ಅಲ್ಲಿ ಕೇಳಿಸುತ್ತಿರಲಿಲ್ಲ. ಆಗ ಅವರು ಹೋದದ್ದು ರಾಕ್ ತಂಡಗಳ ನಿರ್ಮಾಪಕ ಡ್ಯಾನಿಯಲ್ ಲನ್ವಾ ಹತ್ತಿರ. 1995ರ ‘ರೆಕಿಂಗ್ ಬಾಲ್’ನಲ್ಲಿ ಫಿಡಲ್, ಸ್ಟೀಲ್ ಗಿಟಾರ್‌ಗಳ ಹಳೆಯ ಸದ್ದು ಇಲ್ಲ. ದೂರದಲ್ಲಿ ಗುಡುಗಿದ ಹಾಗೆ ಡ್ರಮ್ಸ್, ಅದನ್ನು ಬಾರಿಸಿದವರು ಯು2ನ ಲ್ಯಾರಿ ಮಲನ್. ಗಿಟಾರ್‌ಗಳು ಮಂಜಿನ ಹಾಗೆ ಹರಡಿವೆ. ಶೀರ್ಷಿಕೆ ಹಾಡು ನೀಲ್ ಯಂಗ್ ಬರೆದದ್ದು, ಅದರಲ್ಲಿ ಎಮಿಲೂ ಮುಖ್ಯ ದನಿ. ಎರಡನೇ ದನಿ ನೀಲ್ ಯಂಗ್ ಅವರದೇ. ಆಗಿನ್ನೂ ಸ್ವಂತ ಆಲ್ಬಂ ತಂದಿರದ ಗಿಲಿಯನ್ ವೆಲ್ಚ್ ಎಂಬ ಹುಡುಗಿಯ ‘ಆರ್ಫನ್ ಗರ್ಲ್’ ಕೂಡ ಇದರಲ್ಲಿದೆ. ಬೇರೆಯವರ ಹಾಡು ಆರಿಸುವುದರಲ್ಲಿ ಎಮಿಲೂ ಅವರದು ಎಂಥ ಕಿವಿ ಎಂಬುದಕ್ಕೆ ಇಷ್ಟು ಸಾಕು.

‘ರೆಡ್ ಡರ್ಟ್ ಗರ್ಲ್’, 2000

ನನ್ನ ಮಟ್ಟಿಗೆ ಇದು ಅವರ ವೃತ್ತಿಯ ಶಿಖರ. 12 ಹಾಡುಗಳಲ್ಲಿ 11 ಅವರೇ ಬರೆದದ್ದು ಅಥವಾ ಇನ್ನೊಬ್ಬರ ಜೊತೆ ಸೇರಿ ಬರೆದದ್ದು. ಶೀರ್ಷಿಕೆ ಹಾಡಿನಲ್ಲಿ ಲಿಲಿಯನ್ ಎಂಬ ಗೆಳತಿಯ ಕಥೆ. ಕೆಂಪು ಮಣ್ಣಿನ ಸಣ್ಣ ಊರು, ಅಲಬಾಮಾ ಗಡಿಯ ಹತ್ತಿರ. ವಿಯೆಟ್ನಾಂಗೆ ಹೋದ ಅಣ್ಣ ತಿರುಗಿ ಬರುವುದಿಲ್ಲ. ಊರು ಬಿಟ್ಟು ಹೋಗಬೇಕೆಂಬ ಆಸೆ ಲಿಲಿಯನ್‌ಗೆ ಕೈಗೂಡುವುದಿಲ್ಲ, 27ಕ್ಕೇ ಸಾಯುತ್ತಾಳೆ. ಹೇಳುವವಳು ಗೆಳತಿ. ಅವಳು ಅಳುವುದಿಲ್ಲ, ತೀರ್ಪು ಕೊಡುವುದಿಲ್ಲ, ಲಿಲಿಯನ್ ಪಕ್ಕದಲ್ಲಿ ನಿಂತು ನಡೆದದ್ದನ್ನು ಹೇಳುತ್ತಾಳೆ.

ಇಲ್ಲಿ ನನಗೆ ಎರಡನೇ ದನಿ ಕೇಳಿಸಿತು. ಹಾಡು ಲಿಲಿಯನ್‌ದು, ಹಾಡುವವರು ಅವಳಿಗೆ ಜೊತೆ. ಹಾರ್ಮನಿಯಲ್ಲಿ ಕಲಿತ ಶಿಸ್ತು ಕಥೆ ಹೇಳುವ ಶಿಸ್ತಾಗಿದೆ. ತಂದೆಯ ನೆನಪಿಗೆ ಗೈ ಕ್ಲಾರ್ಕ್ ಜೊತೆ ಬರೆದ ‘ಬ್ಯಾಂಗ್ ದಿ ಡ್ರಮ್ ಸ್ಲೋಲಿ’ಯಲ್ಲೂ ಅದೇ ನಿಲುವು: ಕೇಳದೆ ಉಳಿದ ಪ್ರಶ್ನೆಗಳನ್ನು ತಂದೆಯ ಮುಂದೆ ಮೆಲ್ಲಗೆ ಇಡುತ್ತಾರೆ. ಈ ಆಲ್ಬಂಗೂ ಗ್ರ್ಯಾಮಿ ಬಂತು. 2008ರಲ್ಲಿ ಕಂಟ್ರಿ ಮ್ಯೂಸಿಕ್ ಹಾಲ್ ಆಫ್ ಫೇಮ್‌ಗೆ ಸೇರಿದರು, 2015ರಲ್ಲಿ ಸ್ವೀಡನ್ನಿನ ಪೋಲಾರ್ ಸಂಗೀತ ಪ್ರಶಸ್ತಿ ಸಿಕ್ಕಿತು.

ಈಗ ರಾಡ್ನಿ ಕ್ರೋವೆಲ್ ಹತ್ತಿರ ಬರೋಣ. 2013ರಲ್ಲಿ ಇಬ್ಬರೂ ಸೇರಿ ‘ಓಲ್ಡ್ ಯೆಲ್ಲೋ ಮೂನ್’ ಮಾಡಿದರು. ನಿರ್ಮಾಪಕರು ಮತ್ತೆ ಬ್ರಯನ್ ಅಹರ್ನ್. ಅದರಲ್ಲಿ ‘ಬ್ಲೂಬರ್ಡ್ ವೈನ್’ ಇದೆ, ಪದಗಳನ್ನು ಕ್ರೋವೆಲ್ ಅಲ್ಲಲ್ಲಿ ತಿದ್ದಿದ್ದಾರೆ. 1975ರ ರೆಕಾರ್ಡಿಂಗ್ ಮೊದಲು ಕೇಳಿ, ಆಮೇಲೆ ಇದನ್ನು ಹಾಕಿ. ಅಂದು ಮುಂದೆ ನಿಂತು ಹಾಡಿದವರು ಎಮಿಲೂ. 38 ವರ್ಷದ ಮೇಲೆ ಹಾಡು ಬರೆದವನೇ ಮುಂದೆ ನಿಂತು ಹಾಡುತ್ತಾನೆ, ಎಮಿಲೂ ಅವನ ಜೊತೆಯ ದನಿ.