ಹಳೇ ಫ್ರೆಂಚ್ ಸಿನಿಮಾ ಯಾವಾಗ ಎಲ್ಲರದ್ದಾಗುತ್ತದೆ? 70 ವರ್ಷದ ಲೆಕ್ಕ

ಜಾರ್ಜ್ ಮೆಲಿಯೆಸ್ ಅವರ ‘ಎ ಟ್ರಿಪ್ ಟು ದ ಮೂನ್’ (1902) ಆನ್‌ಲೈನ್ ಲೈಬ್ರರಿಗಳಲ್ಲಿ ಪುಕ್ಕಟೆ ಸಿಗುತ್ತದೆ. ಜಾನ್ ರೆನ್ವಾರ್ ಅವರ ‘ದ ರೂಲ್ಸ್ ಆಫ್ ದ ಗೇಮ್’ (1939) ಫ್ರಾನ್ಸಿನಲ್ಲಿ ಇನ್ನೂ ಹಕ್ಕುಸ್ವಾಮ್ಯದೊಳಗೇ (ಕಾಪಿರೈಟ್) ಇದೆ. ಎರಡೂ ಹಳೆಯವೇ ಅಲ್ವಾ? ಇದೇ ಪ್ರಶ್ನೆ ಹಿಡಿದು ವಾರವೆಲ್ಲ ಕೂತಿದ್ದೆ. ಮರೆಯುವ ಮೊದಲು ಬರೆದಿಡುತ್ತೇನೆ.

ಎಡವಿದ್ದು ಇಲ್ಲಿ. ಭಾರತದಲ್ಲಿ ಸಿನಿಮಾದ ಹಕ್ಕುಸ್ವಾಮ್ಯ ಬಿಡುಗಡೆಯಾದ ಮೇಲೆ 60 ವರ್ಷ. ಅದೇ ಲೆಕ್ಕವನ್ನು ಅಲ್ಲಿಗೂ ಹಾಕಿದೆ: 1939ಕ್ಕೆ 60 ಸೇರಿಸಿ 1999. ತಪ್ಪು! ಫ್ರಾನ್ಸಿನಲ್ಲಿ ನೋಡಬೇಕಾದದ್ದು ಸಾವಿನ ವರ್ಷ. ಯಾರ ಸಾವು? ನಿರ್ದೇಶಕರು, ಚಿತ್ರಕಥೆ ಬರೆದವರು, ಸಂಭಾಷಣೆ ಬರೆದವರು, ಆ ಚಿತ್ರಕ್ಕೆಂದೇ ಸಂಗೀತ ಮಾಡಿದವರು. ಈ ನಾಲ್ವರಲ್ಲಿ ಕೊನೆಗೆ ತೀರಿಕೊಂಡವರ ವರ್ಷಕ್ಕೆ 70 ಕೂಡಿಸಬೇಕು.

ಇನ್ನೊಂದು ಸಣ್ಣ ಗಂಟು. ಮೆಲಿಯೆಸ್ ತೀರಿಕೊಂಡದ್ದು 1938ರ ಜನವರಿ 21. ಹಾಗಾದರೆ 2008ರ ಜನವರಿಯಲ್ಲೇ ಹಕ್ಕು ಮುಗಿಯಿತಾ? ಇಲ್ಲ. ತಾರೀಖು ಬಿಡಿ, ವರ್ಷ ಪೂರ್ತಿ ಮುಗಿಯಬೇಕು. ಆದ್ದರಿಂದ 2009ರ ಜನವರಿ 1. ರೆನ್ವಾರ್ ತೀರಿಕೊಂಡದ್ದು 1979ರಲ್ಲಿ. ಅಲ್ಲಿಗೆ 2049 ಮುಗಿಯುವವರೆಗೆ ಕಾಯಬೇಕು. ನನ್ನ ಸುಲಭ ದಾರಿ: ಮೊದಲು ನಾಲ್ಕು ಹೆಸರು ಬರೆದುಕೊಳ್ಳಿ, ಪಕ್ಕದಲ್ಲಿ ಸಾವಿನ ವರ್ಷ ಹಾಕಿ, ದೊಡ್ಡ ಸಂಖ್ಯೆಯನ್ನಷ್ಟೇ ಇಟ್ಟುಕೊಳ್ಳಿ. ಬಿಡುಗಡೆಯ ವರ್ಷವನ್ನು ಹಾಳೆಯ ಮೇಲೆ ಬರೆಯಲೇಬೇಡಿ, ಅದು ಸುಮ್ನೆ ದಾರಿ ತಪ್ಪಿಸುತ್ತದೆ.

ಹಳೇ ಚಿತ್ರಕ್ಕೆ ಹೊಸ ಸಂಗೀತ ಕೂಡಿಸಿದ್ದರೆ ಹುಷಾರು. ಮೆಲಿಯೆಸ್ ಚಿತ್ರದ ಕೈಯಲ್ಲಿ ಬಣ್ಣ ಹಚ್ಚಿದ ಪ್ರತಿ 1993ರಲ್ಲಿ ಬಾರ್ಸಿಲೋನಾದಲ್ಲಿ ಸಿಕ್ಕಿತು. ರೀಲು ಅಂಟಿಕೊಂಡು ಗಟ್ಟಿಯಾಗಿತ್ತು. ಒಂದೊಂದೇ ಫ್ರೇಮ್ ಬಿಡಿಸಿ, ಡಿಜಿಟಲ್ ಮಾಡಿ, 2011ರಲ್ಲಿ ಕಾನ್ ಚಿತ್ರೋತ್ಸವದಲ್ಲಿ ತೋರಿಸಿದರು. ಅದಕ್ಕೆ ಸಂಗೀತ ಕೊಟ್ಟದ್ದು ‘ಏರ್’ ಎಂಬ ಫ್ರೆಂಚ್ ಬ್ಯಾಂಡ್. ಚಿತ್ರ ಎಲ್ಲರದ್ದು, ಆ ಸಂಗೀತ ಅಲ್ಲ.

ಹಕ್ಕು ಮುಗಿದರೂ ರೀಲು ಉಳಿದಿರಬೇಕಲ್ಲ. ಮೆಲಿಯೆಸ್ ತಮ್ಮ ನೆಗೆಟಿವ್‌ಗಳನ್ನು 1923ರಲ್ಲಿ ತಾವೇ ಸುಟ್ಟರು. ಓದುವಾಗ ಹೊಟ್ಟೆ ಉರಿಯಿತು. ರೆನ್ವಾರ್ ಚಿತ್ರದ ನೆಗೆಟಿವ್ 1942ರ ಬಾಂಬ್ ದಾಳಿಯಲ್ಲಿ ಹೋಯಿತು. ಉಳಿದ ತುಣುಕುಗಳನ್ನು ಹುಡುಕಿ ಜೋಡಿಸಿ 1959ರಲ್ಲಿ ಮತ್ತೆ ಕಟ್ಟಿದರು.

ನೋಡಲು ಶುರು ಮಾಡುವವರಿಗೆ: ಹಳೇ ಸಿನಿಮಾಗಳನ್ನು ಕಾಪಾಡುವ ಫ್ರೆಂಚ್ ಸಂಸ್ಥೆ ಸಿನೆಮಾಟೆಕ್ ಫ್ರಾನ್ಸೆಸ್ 2020ರ ಏಪ್ರಿಲ್‌ನಲ್ಲಿ ‘ಆನ್ರಿ’ ಎಂಬ ಉಚಿತ ಆನ್‌ಲೈನ್ ಸಂಗ್ರಹ ತೆರೆಯಿತು. 1936ರಲ್ಲಿ ಆ ಸಂಸ್ಥೆ ಕಟ್ಟಿದವರಲ್ಲಿ ಒಬ್ಬರಾದ ಆನ್ರಿ ಲಾಂಗ್ಲ್ವಾ ಅವರ ಹೆಸರು ಅದಕ್ಕೆ.